ಸಹಾಯ ಬೇಕು: ಟಿ.ವಿ. ಕಾಮಿಡಿ ಶೋಗೆ ಸ್ಕಿಟ್ ಬರೆಯೋರು ಯಾರಾದ್ರೂ ಇದ್ದೀರಾ?

ಎಲ್ಲರಿಗೂ ನಮಸ್ಕಾರ. ದಾವಣಗೆರೆಯಿಂದ, ನನ್ನ ತಮ್ಮನ ಪರವಾಗಿ ಕೇಳ್ತಿದ್ದೀನಿ. ವಯಸ್ಸು 24. ಹಗಲು ಎ.ಪಿ.ಎಂ.ಸಿ.ಯ ಮೆಕ್ಕೆಜೋಳದ ಮಂಡಿಯಲ್ಲಿ ಲೆಕ್ಕ ಬರೀತಾನೆ, ರಾತ್ರಿ ಕೂತು ಸ್ಕಿಟ್ ಬರೀತಿದ್ದ. ನಮ್ಮ ತಾತ ಚಿಂದೋಡಿ ಲೀಲಾ ಅವರ ಕೆ.ಬಿ.ಆರ್. ಡ್ರಾಮಾ ಕಂಪನಿಯ ನಾಟಕ ಬಿಡದೆ ನೋಡಿದವರು. ಹಾಸ್ಯಪಾತ್ರದ ಮಾತೆಲ್ಲ ಇವನಿಗೆ ಬಾಯಿಪಾಠ ಮಾಡಿಸಿದ್ರು. ಆ ರುಚಿ ಇವನ ಬರವಣಿಗೆಯಲ್ಲಿದೆ.

ಒಂದು ಸ್ಕಿಟ್‌ನಲ್ಲಿ ಬೆಣ್ಣೆದೋಸೆ ಹೋಟೆಲಲ್ಲೇ ಹುಡುಗಿ ನೋಡೋ ಶಾಸ್ತ್ರ. ಎರಡೂ ಕಡೆ ಬೀಗರು "ನೀವು ಮೊದ್ಲು ತಗೊಳ್ರಿ" ಅಂತ ತಟ್ಟೆ ತಳ್ಳಿ ತಳ್ಳಿ, ದೋಸೆ ಪಕ್ಕದ ಟೇಬಲ್ಲಿನವನ ಪಾಲಾಗುತ್ತೆ. ಗಣಪತಿ ಪೆಂಡಾಲಲ್ಲಿ ಆಡಿಸಿದಾಗ ಜನ ಬಿದ್ದು ಬಿದ್ದು ನಕ್ಕರು.

ಹೋದ ವರ್ಷ ಒಬ್ಬರು ವಾಟ್ಸಾಪಲ್ಲಿ ನಾಲ್ಕು ಸ್ಕಿಟ್ ತರಿಸಿಕೊಂಡರು. ಒಂದು ಹಾಗೇ ಟಿ.ವಿ.ಯಲ್ಲಿ ಬಂತು. ಹೆಸರೂ ಇಲ್ಲ, ದುಡ್ಡೂ ಇಲ್ಲ. ಅವತ್ತಿಂದ ಅವನು ನೋಟ್‌ಬುಕ್ ಮುಟ್ಟಿಲ್ಲ. ಅದೇ ನನಗೆ ಸಂಕಟ.

ಬರೀ ಐಡಿಯಾಗೆ ಕಾಪಿರೈಟ್ ಇಲ್ಲ, ಬರೆದಿಟ್ಟ ಸಂಭಾಷಣೆಗೆ ಇದೆ, 1957ರ ಕಾಯ್ದೆಯಡಿ ಆನ್‌ಲೈನಲ್ಲೇ ನೋಂದಣಿ ಮಾಡಿಸಬಹುದು ಅಂತ ಈಗ ತಿಳ್ಕೊಂಡಿದ್ದೀನಿ. ಮುಂದಿನದು ಅನುಭವ ಇರೋರು ಹೇಳಿ. ಹೊಸಬರು ಮೊದಲು ಯಾರನ್ನ ಕಾಣಬೇಕು, ಶೋ ಡೈರೆಕ್ಟರನ್ನೋ, ಹೆಡ್ ರೈಟರನ್ನೋ? ದುಡ್ಡು ಎಪಿಸೋಡ್ ಲೆಕ್ಕವೋ, ತಿಂಗಳ ಲೆಕ್ಕವೋ? ರಿಹರ್ಸಲ್ ಹೊತ್ತಲ್ಲೇ ಮಾತು ತಿದ್ದಬೇಕಾಗುತ್ತಲ್ಲ, ಹಾಗಾದ್ರೆ ಮಂಡಿ ಕೆಲಸ ಬಿಟ್ಟು ಬೆಂಗಳೂರಲ್ಲೇ ಇರಬೇಕಾ?

ಯಾರಾದ್ರೂ ಅವನ ಹತ್ರ ಹತ್ತು ನಿಮಿಷ ಫೋನಲ್ಲಿ ಮಾತಾಡಿದ್ರೂ ಸಾಕು. ದಯವಿಟ್ಟು ಇನ್‌ಬಾಕ್ಸ್ ಮಾಡಿ.