ಧನುರ್ಮಾಸದ ಹುಗ್ಗಿ: ರುಚಿ ಕೆಡದಂತೆ ಹಗುರಗೊಳಿಸುವ ಬಗೆ

ಕೋರಿಕೆ – ತೀರ್ಥಹಳ್ಳಿಯಿಂದ

ಡಿಸೆಂಬರ್ ನಡುವಿನಿಂದ ಮಕರ ಸಂಕ್ರಾಂತಿಯವರೆಗೆ, ಅಂದರೆ ಧನುರ್ಮಾಸ ಮುಗಿಯುವವರೆಗೆ, ಸೂರ್ಯೋದಯಕ್ಕೆ ಮುಂಚೆಯೇ ಪೂಜೆ ಮುಗಿಸಿ ಹುಗ್ಗಿಯನ್ನು ನೈವೇದ್ಯ ಮಾಡುವ ಪದ್ಧತಿ ನಮ್ಮ ಮನೆಯಲ್ಲಿದೆ. ಹೆಚ್ಚಿನ ದಿನ ಖಾರದ ಹುಗ್ಗಿ ಮತ್ತು ಹುಣಿಸೆ ಗೊಜ್ಜು, ಶನಿವಾರ ಮತ್ತು ಏಕಾದಶಿಯ ಮರುದಿನ ಸಿಹಿ ಹುಗ್ಗಿ. ಮೂರು ಪಾಲು ಅಕ್ಕಿಗೆ ಒಂದು ಪಾಲು ಹೆಸರುಬೇಳೆ ಹಾಕಿ, ತುಪ್ಪವನ್ನು ಸೌಟಿನಲ್ಲಿ ಸುರಿಯುವುದು ಅತ್ತೆಯವರ ಕೈ ಅಳತೆ. ಈಗ ಮಾವನವರಿಗೆ ಮಧುಮೇಹವಿದೆ, ಅತ್ತೆಯವರಿಗೆ ರಕ್ತದೊತ್ತಡವಿದೆ. ಇಡೀ ತಿಂಗಳು ಹುಗ್ಗಿಯನ್ನು ಬಿಡಿ ಎಂದು ಅವರಿಗೆ ಹೇಳುವ ಮನಸ್ಸು ನನಗಿಲ್ಲ. ನವಣೆ, ಓಟ್ಸ್ ಮುಂತಾದವುಗಳಿಂದ ಮಾಡಿದರೆ ಅದನ್ನು ಹುಗ್ಗಿ ಎಂದು ಅವರು ಒಪ್ಪುವುದೂ ಇಲ್ಲ. ಮನೆಯಲ್ಲಿ ಇಂಥ ಬದಲಾವಣೆ ಮಾಡಿಕೊಂಡವರು ದಯವಿಟ್ಟು ತಮ್ಮ ಅನುಭವವನ್ನು ತಿಳಿಸಬೇಕು.

ಸಾಗರದಿಂದ

ಅಕ್ಕಿಯನ್ನು ಬದಲಿಸುವ ಮೊದಲು ಅಕ್ಕಿ ಮತ್ತು ಬೇಳೆಯ ಪ್ರಮಾಣವನ್ನು ಬದಲಿಸಿ ನೋಡಿ ಎಂಬುದು ನನ್ನ ಸಲಹೆ. ಅಕ್ಕಿಗೆ ಸಮಸಮ ಹೆಸರುಬೇಳೆ ಹಾಕುವ ಪದ್ಧತಿ ಅನೇಕ ಮನೆಗಳಲ್ಲಿ ಹಿಂದಿನಿಂದಲೂ ಇದೆ; ಆದ್ದರಿಂದ ಇದನ್ನು ಹಿರಿಯರ ಮುಂದೆ ಹೊಸ ಪ್ರಯೋಗವೆಂದು ಹೇಳಿಕೊಳ್ಳುವ ಅಗತ್ಯವೂ ಬೀಳುವುದಿಲ್ಲ. ನಮ್ಮ ಮನೆಯಲ್ಲಿ ಮೂರಕ್ಕೆ ಒಂದು ಇದ್ದದ್ದನ್ನು ಮೊದಲು ಎರಡಕ್ಕೆ ಒಂದು, ಆಮೇಲೆ ಸಮಸಮ ಮಾಡಿದೆವು. ಒಮ್ಮೆಲೇ ಬದಲಿಸಿದ್ದರೆ ಊಟಕ್ಕೆ ಕುಳಿತವರೆಲ್ಲ ಪ್ರಶ್ನೆ ಕೇಳುತ್ತಿದ್ದರು.

ಲೆಕ್ಕ ಬೇಕಾದವರಿಗೆ ಹೇಳುತ್ತೇನೆ. ಹೈದರಾಬಾದಿನ ರಾಷ್ಟ್ರೀಯ ಪೋಷಣಾ ಸಂಸ್ಥೆಯವರು 2017ರಲ್ಲಿ ಪ್ರಕಟಿಸಿದ ಆಹಾರ ಕೋಷ್ಟಕದ ಪ್ರಕಾರ ನೂರು ಗ್ರಾಂ ಬಿಳಿ ಅಕ್ಕಿಯಲ್ಲಿ ಸುಮಾರು 8 ಗ್ರಾಂ ಪ್ರೋಟೀನ್, 3 ಗ್ರಾಂಗಿಂತ ಕಡಿಮೆ ನಾರು ಮತ್ತು 78 ಗ್ರಾಂ ಪಿಷ್ಟ (ಕಾರ್ಬೊಹೈಡ್ರೇಟ್) ಇದ್ದರೆ, ಅಷ್ಟೇ ಹೆಸರುಬೇಳೆಯಲ್ಲಿ ಸುಮಾರು 24 ಗ್ರಾಂ ಪ್ರೋಟೀನ್, 9 ಗ್ರಾಂ ನಾರು ಮತ್ತು 53 ಗ್ರಾಂ ಪಿಷ್ಟ ಇರುತ್ತವೆ. ಅಕ್ಕಿ, ಬೇಳೆ ಎರಡೂ ಸೇರಿ 400 ಗ್ರಾಂ ತೆಗೆದುಕೊಂಡರೆ, ಮೂರಕ್ಕೆ ಒಂದರ ಲೆಕ್ಕದಲ್ಲಿ ಪ್ರೋಟೀನ್ 48 ಗ್ರಾಂ, ನಾರು 18 ಗ್ರಾಂ ಆಸುಪಾಸು ಬರುತ್ತದೆ. ಸಮಸಮ ಹಾಕಿದರೆ ಅವು ಕ್ರಮವಾಗಿ 64 ಮತ್ತು 24ಕ್ಕೆ ಏರುತ್ತವೆ. ಅಕ್ಕಿಯಲ್ಲಿ ಕಡಿಮೆಯಿರುವ ಲೈಸಿನ್ ಎಂಬ ಅಮೈನೋ ಆಮ್ಲ ಹೆಸರಿನಲ್ಲಿ ಹೇರಳವಾಗಿರುವುದರಿಂದ ಎರಡೂ ಕೂಡಿದಾಗ ಪ್ರೋಟೀನಿನ ಗುಣವೂ ಹೆಚ್ಚುತ್ತದೆ. ಆದರೆ ಪಿಷ್ಟ 287 ಗ್ರಾಂನಿಂದ 262ಕ್ಕೆ ಇಳಿಯುತ್ತದೆ, ಅಷ್ಟೆ. ಬೇಳೆ ಹೆಚ್ಚಿಸಿದ್ದೇವೆಂಬ ಧೈರ್ಯದಲ್ಲಿ ಇನ್ನೊಂದು ಸೌಟು ಬಡಿಸಿಕೊಂಡರೆ ಆ ಉಳಿತಾಯವೆಲ್ಲ ಅಲ್ಲಿಗೇ ಹೋಯಿತು.

ಬೇಳೆಯನ್ನು ಸಮಕ್ಕಿಂತ ಹೆಚ್ಚು ಹಾಕಿದರೆ ಹುಗ್ಗಿ ಅಂಟಂಟಾಗಿ, ಆರಿದ ಮೇಲೆ ಗಟ್ಟಿ ಮುದ್ದೆಯಾಗುತ್ತದೆ. ಆದ್ದರಿಂದ ನಾನು ಸಮಕ್ಕೇ ನಿಂತಿದ್ದೇನೆ. ಬೇಳೆಯನ್ನು ತುಪ್ಪ ಹಾಕದೆ, ದಪ್ಪ ತಳದ ಬಾಣಲೆಯಲ್ಲಿ ಸಣ್ಣ ಉರಿಯಲ್ಲಿ ಘಮ ಬರುವಷ್ಟು ಹುರಿದುಕೊಳ್ಳಬೇಕು. ಹಾಗೆ ಹುರಿದರೆ ಅಂಟು ಕಡಿಮೆಯಾಗುತ್ತದೆ, ಹುಗ್ಗಿಗೆ ಬೇಕಾದ ಪರಿಮಳದ ಅರ್ಧ ಭಾಗ ಅಲ್ಲಿಯೇ ಬರುತ್ತದೆ.

ಇನ್ನು ತುಪ್ಪದ ವಿಚಾರ. ನಮ್ಮ ಕಡೆ ತುಪ್ಪ ಮೂರು ಸಲ ಬೀಳುತ್ತದೆ: ಬೇಳೆ ಹುರಿಯುವಾಗ, ಮೆಣಸು, ಜೀರಿಗೆ ಮತ್ತು ಗೋಡಂಬಿಯ ಒಗ್ಗರಣೆಗೆ, ಕೊನೆಗೆ ಎಲೆಯ ಮೇಲೆ. ಮೊದಲನೆಯದನ್ನು ಪೂರ್ತಿ ಬಿಟ್ಟೆವು. ಎರಡನೆಯದನ್ನು ಎರಡು ಚಿಕ್ಕ ಚಮಚಕ್ಕೆ ಇಳಿಸಿ, ಗೋಡಂಬಿಯನ್ನು ಬೇರೆಯಾಗಿ ತುಪ್ಪವಿಲ್ಲದೆ ಹುರಿದೆವು. ಮೂರನೆಯದನ್ನು ಮಾತ್ರ ಉಳಿಸಿಕೊಂಡೆವು, ಏಕೆಂದರೆ ಬಿಸಿ ಹುಗ್ಗಿಯ ಮೇಲೆ ಬಿದ್ದ ತುಪ್ಪವೇ ಮೂಗಿಗೆ ತಿಳಿಯುವ ತುಪ್ಪ. ಒಳಗೆ ಬೆರೆತುಹೋದದ್ದು ಎಷ್ಟಿದ್ದರೂ ನಾಲಿಗೆಗೆ ಗೊತ್ತಾಗುವುದಿಲ್ಲ. ಒಂದು ದೊಡ್ಡ ಚಮಚ ತುಪ್ಪದಲ್ಲಿ ಸುಮಾರು 120 ಕ್ಯಾಲೊರಿ ಇರುವುದರಿಂದ ಸೌಟನ್ನು ತೆಗೆದಿಟ್ಟು, ತುಪ್ಪದ ಗಿಂಡಿಯಲ್ಲಿ ಚಿಕ್ಕ ಚಮಚವನ್ನು ಇಡುವುದೇ ಒಂದು ದೊಡ್ಡ ಬದಲಾವಣೆ.

ಮೆಣಸನ್ನು ಇಡಿಯಾಗಿ ಹಾಕಿದರೆ ಎಲ್ಲರೂ ಅದನ್ನು ಎಲೆಯ ಅಂಚಿಗೆ ಸರಿಸುತ್ತಾರೆ. ತರಿತರಿಯಾಗಿ ಕುಟ್ಟಿ ಹಾಕಿ, ಹಸಿಶುಂಠಿಯನ್ನು ಸ್ವಲ್ಪ ಹೆಚ್ಚಿಸಿ. ಆಗ ಉಪ್ಪು ಕಡಿಮೆಯಿದ್ದರೂ ಚಪ್ಪೆ ಎನ್ನಿಸುವುದಿಲ್ಲ. ಮನೆಯ ಹಿತ್ತಲಿನ ಮೆಣಸಿದ್ದರೆ ಕೇಳುವುದೇ ಬೇಡ.

ಕೊಪ್ಪದಿಂದ

ಸಾಗರದವರು ಬಿಳಿ ಅಕ್ಕಿಗೇ ನಿಂತರು. ನಾವು ಕೆಂಪಕ್ಕಿಯಲ್ಲಿ ಮಾಡುತ್ತೇವೆ, ಚೆನ್ನಾಗಿಯೇ ಆಗುತ್ತದೆ. ತವುಡು ಉಳಿದಿರುವ ಅಕ್ಕಿಯಾದ್ದರಿಂದ ನಾರು ಹೆಚ್ಚು. ಆದರೆ ಒಂದು ತೊಡಕಿದೆ. ಕೆಂಪಕ್ಕಿ ಬೇಯುವಷ್ಟರಲ್ಲಿ ಹೆಸರುಬೇಳೆ ಕರಗಿ ಗಂಜಿಯಾಗಿರುತ್ತದೆ. ಬೇಳೆಯ ಹದಕ್ಕೆ ಇಳಿಸಿದರೆ ಅಕ್ಕಿ ಹಲ್ಲಿಗೆ ಸಿಗುತ್ತದೆ. ಇದಕ್ಕೆ ಎರಡು ದಾರಿಗಳಿವೆ. ಅಕ್ಕಿಯನ್ನು ರಾತ್ರಿಯೇ ನೆನೆಸಿಟ್ಟು, ಬೆಳಗ್ಗೆ ಕುಕ್ಕರಿನಲ್ಲಿ ಅದೊಂದನ್ನೇ ಮೂರು ಸೀಟಿ ಕೂಗಿಸಿ, ಒತ್ತಡ ಇಳಿದ ಮೇಲೆ ಹುರಿದ ಬೇಳೆ ಸೇರಿಸಿ ಮತ್ತೆ ಎರಡು ಸೀಟಿ ಕೂಗಿಸಬಹುದು. ಇಲ್ಲವೇ ಬೇಳೆಯ ಬದಲು ಸಿಪ್ಪೆಯಿರುವ ಇಡೀ ಹೆಸರುಕಾಳನ್ನೇ ಅಕ್ಕಿಯ ಜೊತೆಗೆ ನೆನೆಸಿದರೆ ಎರಡೂ ಹೆಚ್ಚುಕಡಿಮೆ ಒಟ್ಟಿಗೆ ಬೇಯುತ್ತವೆ. ಕಾಳಿನಲ್ಲಿ ನಾರು ನೂರು ಗ್ರಾಂಗೆ ಸುಮಾರು 17 ಗ್ರಾಂ, ಅಂದರೆ ಬೇಳೆಗಿಂತ ಬಹಳ ಹೆಚ್ಚು. ಬಣ್ಣ ಮಾತ್ರ ಕಂದಾಗುತ್ತದೆ. ನೈವೇದ್ಯದ ಹುಗ್ಗಿ ಬೆಳ್ಳಗೆ, ಹಳದಿ ಛಾಯೆಯಲ್ಲಿ ಇರಬೇಕೆನ್ನುವ ಹಿರಿಯರಿದ್ದರೆ ಈ ಎರಡನೆಯ ದಾರಿಯನ್ನು ರಾತ್ರಿಯ ಊಟಕ್ಕೆ ಇಟ್ಟುಕೊಳ್ಳಿ.

ಇದೇ ತಿಂಗಳು ಸೊಗಡಿನ ಅವರೆಕಾಯಿ ಸಂತೆಗೆ ಬರುತ್ತದೆ. ಒಂದು ಹಿಡಿ ಹಸಿ ಅವರೆಕಾಳನ್ನು ಬೇರೆಯಾಗಿ ಬೇಯಿಸಿ ಖಾರದ ಹುಗ್ಗಿಗೆ ಸೇರಿಸಿದರೆ ಅಷ್ಟು ಅಕ್ಕಿಯನ್ನು ಕಡಿಮೆ ಮಾಡಬಹುದು. ಮನೆಯವರು ಇದನ್ನು ಪಥ್ಯವೆಂದು ತಿಳಿಯುವುದಿಲ್ಲ, ವಿಶೇಷವೆಂದು ತಿಳಿಯುತ್ತಾರೆ.

ಶಿವಮೊಗ್ಗದಿಂದ, ಆಹಾರ ಸಲಹೆಯ ಕೆಲಸದಿಂದ ನಿವೃತ್ತರಾದವರು

ತೀರ್ಥಹಳ್ಳಿಯವರು ಇಬ್ಬರ ಆರೋಗ್ಯದ ವಿಷಯ ಬರೆದಿದ್ದಾರೆ. ಇಬ್ಬರಿಗೂ ಬೇಕಾದದ್ದು ಬೇರೆಬೇರೆ.

ಮಾವನವರ ವಿಷಯದಲ್ಲಿ ಹುಗ್ಗಿಯ ಹದವೂ ಮುಖ್ಯ. ಅನ್ನವನ್ನು ಎಷ್ಟು ಬೇಯಿಸಿ ಮಸೆಯುತ್ತೇವೆಯೋ ಅದು ಅಷ್ಟು ಬೇಗ ಜೀರ್ಣವಾಗಿ, ರಕ್ತದ ಸಕ್ಕರೆಯನ್ನು ಅಷ್ಟು ಬೇಗ ಏರಿಸುತ್ತದೆ. ಆದ್ದರಿಂದ ಅಗುಳು ಕಾಣುವಂತೆ ಇಳಿಸಿ, ಸೌಟಿನಿಂದ ಮಸೆಯಬೇಡಿ. ಗಟ್ಟಿಯಾದರೆ ಬಡಿಸುವಾಗ ಬಿಸಿನೀರು ಬೆರೆಸಿಕೊಳ್ಳಬಹುದು. ಪ್ರಮಾಣದ ಬಗ್ಗೆ ಸಾಗರದವರು ಹೇಳಿದ್ದು ಸರಿಯಾಗಿದೆ. ಹಳೆಯ ಅಳತೆಯಲ್ಲಿ ಒಬ್ಬರು 100 ಗ್ರಾಂ ಒಣ ಸಾಮಗ್ರಿಯ ಹುಗ್ಗಿ ತಿಂದರೆ ಸುಮಾರು 72 ಗ್ರಾಂ ಪಿಷ್ಟ ದೇಹಕ್ಕೆ ಸೇರುತ್ತದೆ. ಸಮಸಮದ ಅಳತೆಯಲ್ಲಿ 60 ಗ್ರಾಂ ಸಾಮಗ್ರಿಯದನ್ನು ತಿಂದರೆ ಅದು 39ಕ್ಕೆ ಇಳಿಯುತ್ತದೆ. ಹೊಟ್ಟೆ ತುಂಬದ ಕೊರತೆಯನ್ನು ಮಲೆನಾಡಿನವರು ತಂಬುಳಿಯಿಂದ ನೀಗಿಸಿಕೊಳ್ಳಬೇಕು. ಒಂದೆಲಗದ್ದೋ ದೊಡ್ಡಪತ್ರೆಯದ್ದೋ ತಂಬುಳಿ ಮತ್ತು ಒಂದು ಬಟ್ಟಲು ಸೌತೆಕಾಯಿ ಕೋಸಂಬರಿಯನ್ನು ಮೊದಲು ತಿಂದು ಆಮೇಲೆ ಹುಗ್ಗಿಗೆ ಬಂದರೆ ಎರಡನೆಯ ಸಲ ಬಡಿಸಿಕೊಳ್ಳುವ ಆಸೆ ತಾನಾಗಿಯೇ ಕಡಿಮೆಯಾಗುತ್ತದೆ. ಊಟವಾಗಿ ಎರಡು ಗಂಟೆಯ ನಂತರ ಗ್ಲುಕೋಮೀಟರಿನಲ್ಲಿ ಒಮ್ಮೆ ನೋಡಿದರೆ, ನಮ್ಮೆಲ್ಲರ ಸಲಹೆಗಳಿಗಿಂತ ಅವರ ದೇಹವೇ ಸ್ಪಷ್ಟವಾಗಿ ಉತ್ತರಿಸುತ್ತದೆ. ಇನ್ನೊಂದು ಎಚ್ಚರಿಕೆ: ಊಟಕ್ಕೆ ಮುಂಚೆ ತೆಗೆದುಕೊಳ್ಳುವ ಗ್ಲಿಮೆಪಿರೈಡ್‌ನಂಥ ಮಾತ್ರೆ ಅಥವಾ ಇನ್ಸುಲಿನ್ ಇದ್ದರೆ, ಅದನ್ನು ತೆಗೆದುಕೊಂಡು ಮಂಗಳಾರತಿಗಾಗಿ ಕಾಯುತ್ತಾ ಕುಳಿತುಕೊಳ್ಳಬಾರದು. ಸಕ್ಕರೆ ಅಪಾಯಕರವಾಗಿ ಇಳಿಯಬಹುದು. ಈ ತಿಂಗಳ ಊಟದ ವೇಳೆಯನ್ನು ವೈದ್ಯರಿಗೆ ಮೊದಲೇ ತಿಳಿಸಿ.

ಬೆಲ್ಲದ ಬಗ್ಗೆ ಒಂದು ಭ್ರಮೆಯಿದೆ. ಬೆಲ್ಲ ಸಕ್ಕರೆಗಿಂತ ಒಳ್ಳೆಯದೆಂದು ಧಾರಾಳವಾಗಿ ಬಳಸುವ ಮಧುಮೇಹಿಗಳನ್ನು ನಾನು ಬಹಳ ನೋಡಿದ್ದೇನೆ. ಅದರ ಬಹುಪಾಲು ಸುಕ್ರೋಸ್ ಆಗಿರುವುದರಿಂದ ರಕ್ತದ ಸಕ್ಕರೆಯ ಮಟ್ಟಿಗೆ ಎರಡಕ್ಕೂ ಹೇಳಿಕೊಳ್ಳುವಂಥ ವ್ಯತ್ಯಾಸವಿಲ್ಲ. ಸಿಹಿ ಹುಗ್ಗಿಗೆ ಹಾಕುವ ಒಣದ್ರಾಕ್ಷಿಯನ್ನೂ ಇದೇ ಲೆಕ್ಕಕ್ಕೆ ಸೇರಿಸಿ.

ಅತ್ತೆಯವರ ವಿಷಯದಲ್ಲಿ ಹುಗ್ಗಿಗಿಂತ ಅದರ ಸುತ್ತ ಇರುವುದನ್ನು ನೋಡಬೇಕು. ದಿನಕ್ಕೆ 5 ಗ್ರಾಂ, ಅಂದರೆ ಸುಮಾರು ಒಂದು ಚಿಕ್ಕ ಚಮಚಕ್ಕಿಂತ ಕಡಿಮೆ ಉಪ್ಪು ಸಾಕೆಂದು ವಿಶ್ವ ಆರೋಗ್ಯ ಸಂಸ್ಥೆ ಹೇಳುತ್ತದೆ. ಗೊಜ್ಜು, ಉಪ್ಪಿನಕಾಯಿ, ಹಪ್ಪಳ, ಬಾಳಕದ ಮೆಣಸಿನಕಾಯಿ ಇಷ್ಟೂ ಎಲೆಯಲ್ಲಿದ್ದರೆ ಹುಗ್ಗಿಗೆ ಉಪ್ಪನ್ನೇ ಹಾಕದಿದ್ದರೂ ಮಿತಿ ದಾಟಬಹುದು. ಇವುಗಳಲ್ಲಿ ಒಂದನ್ನು ಮಾತ್ರ ಇಟ್ಟುಕೊಂಡು, ಎಲೆಯ ಮೇಲೆ ನಿಂಬೆಹಣ್ಣನ್ನು ಹಿಂಡಿಕೊಳ್ಳಲಿ. ಅಂಗಡಿಯಲ್ಲಿ ಸಿಗುವ ಕಡಿಮೆ ಸೋಡಿಯಂ ಉಪ್ಪನ್ನು ಮಾತ್ರ ಕೇಳದೆ ತರಬೇಡಿ. ಅದರಲ್ಲಿ ಪೊಟ್ಯಾಸಿಯಂ ಕ್ಲೋರೈಡ್ ಇರುತ್ತದೆ. ಮೂತ್ರಪಿಂಡ ದುರ್ಬಲವಾಗಿರುವವರಿಗೂ ಟೆಲ್ಮಿಸಾರ್ಟನ್, ರಾಮಿಪ್ರಿಲ್‌ನಂಥ ರಕ್ತದೊತ್ತಡದ ಮಾತ್ರೆ ತೆಗೆದುಕೊಳ್ಳುವವರಿಗೂ ಅದು ತೊಂದರೆ ಕೊಡಬಹುದು. ಮೂತ್ರಪಿಂಡದ ಕಾಯಿಲೆಯಿರುವವರು ಬೇಳೆಯನ್ನು ಹೆಚ್ಚಿಸುವ ಮೊದಲೂ ವೈದ್ಯರನ್ನು ಕೇಳಲೇಬೇಕು.

ಹೊಸನಗರದಿಂದ

ನೈವೇದ್ಯಕ್ಕೆ ಇಡುವ ಮುಂಚೆ ರುಚಿ ನೋಡುವಂತಿಲ್ಲವಾದ್ದರಿಂದ ಉಪ್ಪು ಕೈ ಅಂದಾಜಿನಲ್ಲಿ ಹೆಚ್ಚೇ ಬೀಳುತ್ತದೆ. ಚಮಚದಿಂದ ಅಳೆದು ಹಾಕುವ ರೂಢಿ ಮಾಡಿಕೊಂಡರೆ ಅರ್ಧ ಸಮಸ್ಯೆ ಮುಗಿಯುತ್ತದೆ. ಸಿಹಿ ಹುಗ್ಗಿಗೆ ನಾವು ಅನುಸರಿಸುವ ಕ್ರಮವೆಂದರೆ, ಅಕ್ಕಿ, ಬೇಳೆ ಮತ್ತು ಕಾಯಿತುರಿಯನ್ನು ಬೆಲ್ಲವಿಲ್ಲದೆ ಬೇಯಿಸಿಕೊಂಡು, ಬೆಲ್ಲವನ್ನು ಬೇರೆ ಪಾತ್ರೆಯಲ್ಲಿ ಕರಗಿಸಿ, ಸೋಸಿ, ಏಲಕ್ಕಿ ಹಾಕಿಟ್ಟುಕೊಳ್ಳುವುದು. ದೇವರಿಗೆ ಇಡುವ ಪಾಲಿಗೆ ಬೆಲ್ಲ ಪೂರ್ತಿ ಸೇರುತ್ತದೆ. ಉಳಿದದ್ದಕ್ಕೆ ಅವರವರ ಎಲೆಯಲ್ಲಿ ಅವರವರಿಗೆ ಬೇಕಾದಷ್ಟು. ಹಿರಿಯರು ಪ್ರಸಾದವೆಂದು ಒಂದು ಚಮಚ ಸಿಹಿ ಹುಗ್ಗಿ ತೆಗೆದುಕೊಂಡು ಆಮೇಲೆ ಖಾರದ್ದನ್ನು ಊಟ ಮಾಡುತ್ತಾರೆ. ಯಾರಿಗೂ ಬೇರೆ ಪಾತ್ರೆಯಲ್ಲಿ ಬೇರೆ ಅಡುಗೆ ಮಾಡಿದ್ದೇವೆಂಬ ಭಾವನೆ ಬರುವುದಿಲ್ಲ, ಅದು ನನಗೆ ಮುಖ್ಯವೆನ್ನಿಸುತ್ತದೆ. ಒಂದಿಷ್ಟೇ ಇಷ್ಟು ಪಚ್ಚ ಕರ್ಪೂರ ಹಾಕಿದರೆ ಕಡಿಮೆ ಬೆಲ್ಲವೂ ಸಾಕೆನ್ನಿಸುತ್ತದೆ, ಹೆಚ್ಚಾದರೆ ಕಹಿ.

ತೀರ್ಥಹಳ್ಳಿಯಿಂದ ಮತ್ತೆ

ಎಲ್ಲರಿಗೂ ಧನ್ಯವಾದಗಳು. ಎರಡು ಸಂದೇಹಗಳು ಉಳಿದಿವೆ. ತುಪ್ಪದ ಬದಲು ಎಣ್ಣೆಯನ್ನು ಬಳಸಬಹುದೇ? ನಾಲ್ಕು ಜನರಿಗೆ ನಿಖರವಾದ ಅಳತೆಯನ್ನು ಯಾರಾದರೂ ಬರೆದು ಕೊಡುವಿರಾ?

ಸಾಗರದಿಂದ

ಎಣ್ಣೆಯಲ್ಲಿಯೂ ಕ್ಯಾಲೊರಿ ತುಪ್ಪದಷ್ಟೇ ಇರುತ್ತದೆ; ಸಂತೃಪ್ತ ಕೊಬ್ಬು ಕಡಿಮೆ, ನಿಜ. ಒಗ್ಗರಣೆಯ ಎರಡು ಚಮಚಕ್ಕೆ ಎಣ್ಣೆ ಬಳಸಿದರೆ ಯಾರಿಗೂ ತಿಳಿಯಲಾರದು, ಆದರೆ ಎಲೆಯ ಮೇಲಿನ ಆ ಒಂದು ಚಿಕ್ಕ ಚಮಚವನ್ನು ಬದಲಿಸಲು ನಾನು ಒಪ್ಪುವುದಿಲ್ಲ. ತೆಂಗಿನಕಾಯಿಯಲ್ಲಿಯೂ ಸಂತೃಪ್ತ ಕೊಬ್ಬಿರುವುದರಿಂದ ತುಪ್ಪ ಕಡಿಮೆ ಮಾಡಿದೆವೆಂದು ಕಾಯಿತುರಿಯನ್ನು ಹೆಚ್ಚಿಸಬಾರದು.

ನಾಲ್ವರಿಗೆ ಅಕ್ಕಿ 120 ಗ್ರಾಂ, ಹುರಿದ ಹೆಸರುಬೇಳೆ 120 ಗ್ರಾಂ, ನೀರು ಇವೆರಡೂ ಸೇರಿದ ಅಳತೆಯ ಮೂರೂವರೆ ಪಟ್ಟು. ಚಿಟಿಕೆ ಅರಿಸಿನ ಹಾಕಿ, ಕುಕ್ಕರಿನಲ್ಲಿ ಮೂರು ಸೀಟಿಗೆ ಇಳಿಸಿ. ಉಪ್ಪು ಒಂದು ಚಿಕ್ಕ ಚಮಚ, ತಲೆ ಸವರಿದ್ದು. ಕುಟ್ಟಿದ ಮೆಣಸು ಒಂದು ಚಿಕ್ಕ ಚಮಚ, ಜೀರಿಗೆ ಒಂದೂವರೆ, ಹೆಬ್ಬೆರಳಿನ ಗಾತ್ರದ ಶುಂಠಿ, ಒಂದೆಸಳು ಕರಿಬೇವು, ಇಂಗು, ಎರಡು ದೊಡ್ಡ ಚಮಚ ಕಾಯಿತುರಿ. ಒಗ್ಗರಣೆಗೆ ಎರಡು ಚಿಕ್ಕ ಚಮಚ, ಎಲೆಯ ಮೇಲೆ ಒಬ್ಬರಿಗೆ ಒಂದರಂತೆ ತುಪ್ಪ. ಗೊಜ್ಜನ್ನು ಬಿಡಲು ಮನಸ್ಸಿಲ್ಲದಿದ್ದರೆ ಅದಕ್ಕೆ ಹಾಕುವ ಬೆಲ್ಲ ಮತ್ತು ಉಪ್ಪನ್ನು ಅರ್ಧಕ್ಕೆ ಇಳಿಸಿ, ಹುಣಿಸೆಯನ್ನೂ ಅದಕ್ಕೆ ಸರಿಯಾಗಿ ತೆಳುವಾಗಿ ಕಿವುಚಿಕೊಳ್ಳಿ. ಅಕ್ಕಿ, ಬೇಳೆಯನ್ನು ರಾತ್ರಿಯೇ ತೂಗಿ, ಬೇಳೆಯನ್ನು ಹುರಿದು ಡಬ್ಬಿಯಲ್ಲಿ ಹಾಕಿಟ್ಟರೆ ಬೆಳಗಿನ ಚಳಿಯಲ್ಲಿ ಕೈ ಅಂದಾಜಿಗೆ ಅವಕಾಶವೇ ಉಳಿಯುವುದಿಲ್ಲ.