ಹರ್ಬಿ ಹ್ಯಾನ್‌ಕಾಕ್: ಶೈಲಿಯೊಂದಿಗೆ ಪಿಯಾನೋ ವಾದಕರೂ ಬದಲಾದರೇ?

ಪ್ರಶ್ನೆ:
ಜಾಝ್ ತುತ್ತೂರಿ ವಾದಕ ಮೈಲ್ಸ್ ಡೇವಿಸ್ ಅವರ ಐವರ ತಂಡದಲ್ಲಿ 1963ರಿಂದ 1968ರವರೆಗೆ ಹರ್ಬಿ ಹ್ಯಾನ್‌ಕಾಕ್ ನುಡಿಸಿದ ಪಿಯಾನೋವನ್ನು ಬಹಳ ಮೆಚ್ಚಿಕೊಂಡಿದ್ದ ನಾನು, ಮೊನ್ನೆ ಅವರ 1983ರ ‘ರಾಕಿಟ್’ ಕೇಳಿ ಗಲಿಬಿಲಿಗೊಂಡೆ. ಯಂತ್ರದ ತಾಳ ಮತ್ತು ಟರ್ನ್‌ಟೇಬಲ್ ಕೆರೆಯುವ ಸದ್ದುಗಳ ನಡುವೆ ಆ ಹಳೆಯ ವಾದಕರನ್ನು ಹುಡುಕುವುದೇ ಕಷ್ಟವಾಯಿತು. ಇವೆರಡನ್ನೂ ಬೆಸೆಯುವ ಎಳೆಯೊಂದಿದೆಯೇ, ಅಥವಾ ಅವರು ಮಾರುಕಟ್ಟೆಯ ದಾರಿ ಹಿಡಿದರೆಂದು ತಿಳಿಯಬೇಕೇ?

ಉತ್ತರ 1:
‘ವಾಟರ್‌ಮೆಲನ್ ಮ್ಯಾನ್’ ಕೃತಿಯ ಎರಡು ರೂಪಗಳನ್ನು ಒಂದಾದ ಮೇಲೊಂದು ಕೇಳಿ ನೋಡಿ. ಬಾಲ್ಯದಲ್ಲಿ ಶಿಕಾಗೋದ ಓಣಿಯ ಕಲ್ಲುಹಾಸಿನ ಮೇಲೆ ಕಲ್ಲಂಗಡಿ ಮಾರುವವನ ಗಾಡಿಯ ಚಕ್ರಗಳು ಉರುಳುತ್ತಿದ್ದ ಲಯವೇ ಈ ಕೃತಿಗೆ ಮೂಲವೆಂದು ಅವರು ಹೇಳಿಕೊಂಡಿದ್ದಾರೆ. 1962ರ ಮೊದಲ ಮುದ್ರಣದಲ್ಲಿ ಆ ಲಯ ಪಿಯಾನೋದಲ್ಲಿದೆ. 1973ರ ‘ಹೆಡ್ ಹಂಟರ್ಸ್’ ಆಲ್ಬಮ್‌ನಲ್ಲಾದರೋ, ತಾಳವಾದ್ಯಗಾರ ಬಿಲ್ ಸಮರ್ಸ್ ಬಿಯರ್ ಬಾಟಲಿಯ ಬಾಯಿಗೆ ಊದುತ್ತಾ, ಮಧ್ಯ ಆಫ್ರಿಕಾದ ಅರಣ್ಯವಾಸಿಗಳು ಕೊಳಲಿನ ಒಂದೇ ಸ್ವರದ ನಡುನಡುವೆ ಕಂಠವನ್ನು ಸೇರಿಸುವ ಕ್ರಮವನ್ನು ಅನುಸರಿಸುತ್ತಾರೆ. ಬಳಿಕ ಬೇಸ್ ಮತ್ತು ಡ್ರಮ್ಸ್ ನಿಧಾನವಾದ ಫಂಕ್ (ಕುಣಿತಕ್ಕೆ ಒಗ್ಗುವ, ಲಯಪ್ರಧಾನ ಅಮೆರಿಕನ್ ಶೈಲಿ) ನಡೆಯನ್ನು ಹಿಡಿಯುತ್ತವೆ. ವಾದ್ಯಗಳೂ ವೇಗವೂ ಬದಲಾದರೂ ಚಿಕ್ಕದೊಂದು ಲಯದ ತುಣುಕನ್ನು ಪಟ್ಟುಬಿಡದೆ ಮತ್ತೆ ಮತ್ತೆ ನುಡಿಸಿ, ಅದರ ಮೇಲೆ ಉಳಿದದ್ದನ್ನು ಕಟ್ಟುವ ಸ್ವಭಾವ ಬದಲಾಗಿಲ್ಲ. ನೀವು ಕೇಳುತ್ತಿರುವ ಎಳೆ ಅದೇ ಎಂಬುದು ನನ್ನ ಅಭಿಪ್ರಾಯ.

ಉತ್ತರ 2:
ಮೇಲಿನ ಮಾತನ್ನು ಒಪ್ಪುತ್ತೇನೆ, ಆದರೆ ‘ರಾಕಿಟ್’ ವಿಷಯದಲ್ಲಿ ಪ್ರಶ್ನೆ ಕೇಳಿದವರ ಅನುಮಾನಕ್ಕೂ ಆಧಾರವಿದೆ. ಅದರ ತಾಳದ ಅಡಿಪಾಯವನ್ನು ಹಾಕಿದವರು ನಿರ್ಮಾಪಕರಾದ ಬಿಲ್ ಲಾಸ್ವೆಲ್ ಮತ್ತು ಮೈಕಲ್ ಬೈನ್‌ಹಾರ್ನ್; ಹ್ಯಾನ್‌ಕಾಕ್ ಅದರ ಮೇಲೆ ತಮ್ಮ ಕೀಬೋರ್ಡ್‌ಗಳನ್ನು ನುಡಿಸಿದರು. ಹಾಗೆಂದು ಅದನ್ನು ಬರಿಯ ವ್ಯಾಪಾರವೆನ್ನಲಾಗದು. ಹನ್ನೊಂದನೆಯ ವಯಸ್ಸಿಗೇ ಶಿಕಾಗೋ ಸಿಂಫನಿ ವಾದ್ಯವೃಂದದೊಂದಿಗೆ ಮೊಜಾರ್ಟ್ ನುಡಿಸಿದ್ದ ಈ ಹುಡುಗ ಕಾಲೇಜಿಗೆ ಸೇರಿದ್ದು ಎಲೆಕ್ಟ್ರಿಕಲ್ ಎಂಜಿನಿಯರಿಂಗ್ ಓದಲೆಂದು. ಸಂಗೀತದ ಕಡೆಗೆ ಹೊರಳಿದ್ದು ಆಮೇಲೆ. ಯಂತ್ರಗಳ ಕುತೂಹಲ ಅವರಲ್ಲಿ ಮೊದಲಿನಿಂದಲೂ ಇತ್ತು. ಡೇವಿಸ್ ಸ್ಟುಡಿಯೋದಲ್ಲಿ ಎಲೆಕ್ಟ್ರಿಕ್ ಪಿಯಾನೋ ನುಡಿಸಲು ಹೇಳಿದಾಗ ಅದನ್ನು ಆಟಿಕೆಯೆಂದು ಭಾವಿಸಿದ್ದ ಅವರೇ, ‘ಹೆಡ್ ಹಂಟರ್ಸ್’ನ ‘ಕಮೀಲಿಯನ್’ ಕೃತಿಯ ಎಲ್ಲರಿಗೂ ಪರಿಚಿತವಾದ ಬೇಸ್ ಸಾಲನ್ನು ಸಿಂಥಸೈಜರ್‌ನಲ್ಲಿ ತಾವೇ ನುಡಿಸಿದರು. ಇಷ್ಟರ ನಡುವೆಯೂ 1978ರಲ್ಲಿ ಜಾಝ್ ಪಿಯಾನೋ ವಾದಕ ಚಿಕ್ ಕೊರಿಯಾ ಅವರೊಂದಿಗೆ, ಎರಡು ಸಾಮಾನ್ಯ ಪಿಯಾನೋಗಳನ್ನಷ್ಟೇ ಇಟ್ಟುಕೊಂಡು, ಕಛೇರಿಗಳನ್ನು ನೀಡಿದರು. ಹಳೆಯ ಮನೆ ಬಿಟ್ಟುಹೋದವರು ಹೀಗೆ ಮತ್ತೆ ಬಂದು ಬಾಗಿಲು ತೆರೆಯುವುದಿಲ್ಲ.

ಪ್ರಶ್ನೆ ಕೇಳಿದವರು:
ಇಬ್ಬರಿಗೂ ಕೃತಜ್ಞತೆಗಳು. ‘ವಾಟರ್‌ಮೆಲನ್ ಮ್ಯಾನ್’ನ ಎರಡೂ ರೂಪಗಳನ್ನು ಕೇಳಿದೆ. 1973ರದರಲ್ಲಿ ಬಾಟಲಿಯ ಊದು ಮುಗಿದು ಪರಿಚಿತ ರಾಗ ಬರುವವರೆಗೂ ಅದೇ ಕೃತಿಯೆಂದು ನನಗೆ ಹೊಳೆಯಲೇ ಇಲ್ಲ. ಹೊಳೆದ ಮೇಲೆ ಮೊದಲಿನಿಂದ ಮತ್ತೊಮ್ಮೆ ಕೇಳಿದೆ. ‘ರಾಕಿಟ್’ ಇನ್ನೂ ಹಿಡಿಸಿಲ್ಲ. ಮುಂದೆ ಆ ಎರಡು ಪಿಯಾನೋಗಳ ಕಛೇರಿಯನ್ನು ಕೇಳುತ್ತೇನೆ.