ಕಾರ್ಲಿ ಸೈಮನ್ ಹಾಡಿನ 'ವೇಯ್ನ್': ಜಂಬವೇ, ಧಿಮಾಕೇ, ಬೀಗುವುದೇ?

ಮಾನ್ಯರೆ,

ಅಮೆರಿಕದ ಗಾಯಕಿ ಕಾರ್ಲಿ ಸೈಮನ್ ಅವರ 'ಯು ಆರ್ ಸೋ ವೇಯ್ನ್' ಹಾಡನ್ನು ಕನ್ನಡ ಓದುಗರಿಗೆ ಪರಿಚಯಿಸುವ ಲೇಖನವೊಂದನ್ನು ಬರೆಯುತ್ತಿದ್ದು, ಹಾಡಿನ ಶೀರ್ಷಿಕೆಯ ಕೊನೆಯ ಪದವಾದ 'ವೇಯ್ನ್'ಗೆ (ತನ್ನನ್ನು ತಾನೇ ಮೆಚ್ಚಿಕೊಂಡು ಮೆರೆಯುವ ಎಂಬರ್ಥದ್ದು) ಸರಿಹೊಂದುವ ಕನ್ನಡ ಪದ ಯಾವುದೆಂದು ತಿಳಿಯದೆ ತಮ್ಮೆಲ್ಲರ ಅಭಿಪ್ರಾಯ ಕೇಳುತ್ತಿದ್ದೇನೆ. ಜಂಬ, ಗರ್ವ, ಅಹಂಕಾರ ಎಂಬ ಪದಗಳು ತಕ್ಷಣ ನೆನಪಿಗೆ ಬರುತ್ತವೆ. ಆದರೆ ಹಾಡಿನಲ್ಲಿ ಬರುವ ಮನುಷ್ಯನನ್ನು ಹತ್ತಿರದಿಂದ ನೋಡಿದರೆ ಇವುಗಳಲ್ಲಿ ಯಾವುದೂ ಅವನಿಗೆ ಒಪ್ಪುವುದಿಲ್ಲ ಎಂಬುದು ನನ್ನ ಅನಿಸಿಕೆ.

ಈತ ಔತಣಕೂಟಕ್ಕೆ ಬರುವಾಗ ಐಷಾರಾಮಿ ಹಡಗಿನ ಮೇಲೆ ಕಾಲಿಡುವವನಂತೆ ಬರುತ್ತಾನೆ. ಟೋಪಿ ಒಂದು ಕಣ್ಣಿನ ಮೇಲೆ ವಾಲಿದೆ, ಕೊರಳಿಗೆ ಏಪ್ರಿಕಾಟ್ ಬಣ್ಣದ ಸ್ಕಾರ್ಫ್ ಇದೆ, ಕುಣಿಯುವಾಗಲೂ ದೃಷ್ಟಿ ಕನ್ನಡಿಯಲ್ಲಿ ಕಾಣುವ ತನ್ನ ರೂಪದ ಮೇಲೆಯೇ ಇದೆ. ಅವನು ಕುಣಿಯುವುದು ಗವಾಟ್ ಎಂಬ ಫ್ರೆಂಚರ ಹಳೆಯ ಕುಣಿತ. ಆ ಒಂದು ಪದದಿಂದಲೇ ಅವನ ನಡಿಗೆಯ ಕೃತಕ ನಾಜೂಕು ಕಣ್ಣಿಗೆ ಕಟ್ಟುತ್ತದೆ. ಮುಂದೆ ಅವನ ಕುದುರೆ ಅಮೆರಿಕದ ಸಾರಟೋಗಾದ ರೇಸಿನಲ್ಲಿ ಗೆಲ್ಲುತ್ತದೆ, ಸಂಪೂರ್ಣ ಸೂರ್ಯಗ್ರಹಣ ನೋಡಲು ಅವನು ಸ್ವಂತ ವಿಮಾನದಲ್ಲಿ ಕೆನಡಾದ ನೋವಾ ಸ್ಕೋಷಿಯಾಕ್ಕೆ ಹಾರುತ್ತಾನೆ.

ಇಂಥವನ ಗುಣವನ್ನು 'ಒಣಜಂಬ' ಎನ್ನಲು ಬಾರದು, ಏಕೆಂದರೆ ಒಣಜಂಬದ ಹಿಂದೆ ಏನೂ ಇರುವುದಿಲ್ಲ. ಇವನಿಗೋ ರೂಪ, ಹಣ, ಅದೃಷ್ಟ ಎಲ್ಲವೂ ಇವೆ. 'ಗರ್ವ' ಎಂದರೆ ಪುರಾಣದ ತೂಕ ಬಂದು, ಮುಂದೆ ಗರ್ವಭಂಗವನ್ನು ನಿರೀಕ್ಷಿಸುವಂತಾಗುತ್ತದೆ. 'ಧಿಮಾಕು', 'ಸೊಕ್ಕು', 'ದೌಲತ್ತು' ಎಂಬವುಗಳಲ್ಲಿ ಎದುರಿನವರ ಬಗೆಗಿನ ತಾತ್ಸಾರ ಮುಖ್ಯವಾಗಿರುತ್ತದೆ, ಆದರೆ ಈ ಮನುಷ್ಯ ಯಾರನ್ನೂ ಹೀಗಳೆಯುವುದಿಲ್ಲ, ತನ್ನನ್ನು ನೋಡುವುದಕ್ಕಾಗಿ ಅವನಿಗೆ ಎಲ್ಲರೂ ಬೇಕು. 'ಬಿಂಕ' ಅರ್ಥದಲ್ಲಿ ಬಹಳ ಹತ್ತಿರವಿದ್ದರೂ ನಮ್ಮ ಕಾವ್ಯಗಳಲ್ಲಿ ಅದು ಹೆಣ್ಣಿಗೇ ಅಂಟಿಕೊಂಡುಬಿಟ್ಟಿದೆ. 'ಆತ್ಮರತಿ' ವಿಮರ್ಶಕರ ಪದ. ಮನಸ್ಸು ನೊಂದ ಹೆಣ್ಣೊಬ್ಬಳು ಹಳೆಯ ಪ್ರಿಯಕರನ ಮುಖಕ್ಕೆ ನೇರವಾಗಿ ಆಡುವ ಮಾತಿನಲ್ಲಿ ಅದು ಸಲ್ಲದು.

ನನಗೆ ಹೆಚ್ಚು ಹಿಡಿಸಿರುವುದು 'ಬೀಗು' ಎಂಬ ಕ್ರಿಯಾಪದ. 'ಎಷ್ಟು ಬೀಗುತ್ತೀಯ' ಎಂದರೆ ಆಡುಮಾತಿನ ಲಯವೂ ಉಳಿಯುತ್ತದೆ, ಚುಚ್ಚುವ ಗುಣವೂ ಬರುತ್ತದೆ. ತೊಡಕು ಏನೆಂದರೆ, ಪತ್ರಿಕೆಗಳ ಕ್ರೀಡಾ ಪುಟದ 'ಗೆದ್ದು ಬೀಗಿದ' ಎಂಬ ಬಳಕೆಯಿಂದಾಗಿ ಈ ಪದ ಒಂದು ಗೆಲುವಿಗೆ, ಒಂದು ಗಳಿಗೆಗೆ ಸೀಮಿತವಾದಂತೆ ಕೇಳಿಸುತ್ತಿದೆ, 'ವೇಯ್ನ್' ಆದರೋ ಹುಟ್ಟುಗುಣವನ್ನು ಹೇಳುವ ಪದ.

ಎರಡನೆಯ ಪ್ರಶ್ನೆ ಪಲ್ಲವಿಯ ಸರ್ವನಾಮಕ್ಕೆ ಸಂಬಂಧಿಸಿದ್ದು, ಹಾಡಿನ ಇಡೀ ಕೀರ್ತಿ ಅದರ ಮೇಲೆ ನಿಂತಿರುವುದರಿಂದ ಇದನ್ನೇ ಹೆಚ್ಚು ಮುಖ್ಯವೆಂದು ಭಾವಿಸಿದ್ದೇನೆ. ಈ ಹಾಡು ತನ್ನ ಮೇಲೆಯೇ ಕಟ್ಟಿದ್ದೆಂದು ಅವನು ಭಾವಿಸಿರಬೇಕು ಎಂದು ಆಕೆ ಅವನನ್ನೇ ಉದ್ದೇಶಿಸಿ ಹಾಡುತ್ತಾಳೆ. ಹಾಗೆ ಭಾವಿಸುವುದು ಅವನ ಮರುಳು ಎನ್ನುವಳು, ಆದರೆ ಹಾಡು ನಿಜಕ್ಕೂ ಅವನ ಮೇಲೆಯೇ ಇದೆ. 'ಕುಂಬಳಕಾಯಿ ಕಳ್ಳ ಎಂದರೆ ಹೆಗಲು ಮುಟ್ಟಿ ನೋಡಿಕೊಂಡ' ಎಂಬ ನಮ್ಮ ಗಾದೆ ಇಲ್ಲಿಗೆ ಹೇಳಿ ಮಾಡಿಸಿದಂತಿದೆ. ಗಾದೆಯ ಕಳ್ಳ ಅಂಜಿ ಹೆಗಲು ಮುಟ್ಟಿಕೊಂಡರೆ, ಇವನು ಹೆಮ್ಮೆಯಿಂದ ಮುಟ್ಟಿಕೊಳ್ಳುತ್ತಾನೆ ಎಂಬುದಷ್ಟೇ ವ್ಯತ್ಯಾಸ.

1972ರ ಕೊನೆಗೆ ಬಿಡುಗಡೆಯಾಗಿ 1973ರ ಜನವರಿಯಲ್ಲಿ ಮೂರು ವಾರ ಅಮೆರಿಕದ ಬಿಲ್‌ಬೋರ್ಡ್ ಪಟ್ಟಿಯ ಮೊದಲ ಸ್ಥಾನದಲ್ಲಿದ್ದ ಈ ಹಾಡಿನ ಬಗ್ಗೆ ಕೇಳುಗರು ದಶಕಗಳ ಕಾಲ ಕೇಳಿದ್ದು ಒಂದೇ ಪ್ರಶ್ನೆ: ಆ 'ನೀನು' ಯಾರು? ಪಲ್ಲವಿಯಲ್ಲಿ ದನಿಗೂಡಿಸಿದ, ರೋಲಿಂಗ್ ಸ್ಟೋನ್ಸ್ ತಂಡದ ಗಾಯಕ ಮಿಕ್ ಜಾಗರ್ ಅವರ ಮೇಲೂ ಜನರಿಗೆ ಅನುಮಾನವಿತ್ತು. 2003ರಲ್ಲಿ ದೂರದರ್ಶನ ರಂಗದ ಡಿಕ್ ಎಬರ್ಸಾಲ್ ಎಂಬವರು ಸಹಾಯಾರ್ಥ ಹರಾಜೊಂದರಲ್ಲಿ 50,000 ಡಾಲರ್ ಕೊಟ್ಟು, ಯಾರಿಗೂ ಹೇಳಬಾರದೆಂಬ ಷರತ್ತಿನ ಮೇಲೆ ಉತ್ತರ ತಿಳಿದುಕೊಂಡರು. ಎರಡನೆಯ ಚರಣ ನಟ ವಾರನ್ ಬೇಟಿ ಅವರನ್ನು ಕುರಿತದ್ದೆಂದೂ, ಅವರಾದರೋ ಹಾಡು ಪೂರ್ತಿ ತಮ್ಮದೇ ಎಂದುಕೊಂಡಿದ್ದಾರೆಂದೂ ಸೈಮನ್ 2015ರಲ್ಲಿ ಹೇಳಿದರು. ಉಳಿದ ಚರಣಗಳು ಬೇರೆಯವರವು. ಅಂದರೆ ಒಂದೇ 'ನೀನು' ಒಬ್ಬರಿಗಿಂತ ಹೆಚ್ಚು ಗಂಡಸರನ್ನು ಒಳಗೊಂಡಿದೆ.

ಕನ್ನಡದಲ್ಲಿ ಇದನ್ನು ಎರಡು ರೀತಿ ಹೇಳಬಹುದು. 'ಈ ಹಾಡು ನಿನ್ನ ಮೇಲೆಯೇ ಎಂದು ಅಂದುಕೊಂಡಿರುತ್ತೀಯ' ಎಂಬುದು ಒಂದು, 'ಈ ಹಾಡು ನನ್ನ ಮೇಲೆಯೇ ಎಂದು ಅಂದುಕೊಂಡಿರುತ್ತೀಯ' ಎಂಬುದು ಇನ್ನೊಂದು. ನಮ್ಮ 'ಎಂದು' ಇನ್ನೊಬ್ಬರ ಮನಸ್ಸಿನ ಮಾತನ್ನು ಅವರ ಬಾಯಲ್ಲೇ ಆಡಿಸಬಲ್ಲುದಾದ್ದರಿಂದ ಎರಡನೆಯದು ಸಹಜವಾಗಿ ಕೇಳಿಸುತ್ತದೆ, ಅವನ ಜಂಬವೂ ಜೀವಂತವಾಗುತ್ತದೆ. ಆದರೆ ಆಗ ಆ 'ನನ್ನ' ಹಾಡುವವಳದೇ ಎಂಬ ಗೊಂದಲವೂ ಹುಟ್ಟಬಹುದು; ಅದಕ್ಕಿಂತ ಮಿಗಿಲಾಗಿ, ಅವನನ್ನು ಅಲ್ಲಗಳೆಯುತ್ತಲೇ ಆಕೆ ತನ್ನ ಬಾಯಿಂದ 'ನಿನ್ನ' ಎಂದು ಒಪ್ಪಿಕೊಂಡುಬಿಡುವ ಸೊಗಸು ತಪ್ಪಿಹೋಗುತ್ತದೆ. ಆದ್ದರಿಂದ ನನ್ನ ಒಲವು ಮೊದಲನೆಯದರ ಕಡೆಗಿದೆ.

ತಮ್ಮ ಊರಿನ ಮಾತಿನಲ್ಲಿ ಇಂಥ ವಾಕ್ಯದಲ್ಲಿ 'ನಿನ್ನ' ಬರುತ್ತದೆಯೋ 'ನನ್ನ' ಬರುತ್ತದೆಯೋ ದಯವಿಟ್ಟು ತಿಳಿಸಿ. ಹಾಗೆಯೇ ತನ್ನ ರೂಪವನ್ನು ತಾನೇ ಮೆಚ್ಚಿಕೊಳ್ಳುವ ಗಂಡಸಿಗೆ ಧಾರವಾಡ, ಕಲಬುರಗಿ, ಮಂಗಳೂರು ಕಡೆಗಳಲ್ಲಿ ಬಳಕೆಯಲ್ಲಿರುವ ಪದವೊಂದಿದ್ದರೆ, ಅದನ್ನು ಬಳಸುವ ಒಂದು ವಾಕ್ಯದೊಡನೆ ಬರೆದರೆ ಉಪಕಾರವಾಗುತ್ತದೆ.